ಹೊಡೆದವನು ಒಬ್ಬ, ಜೀವಾವಧಿ ಮೂವರಿಗೆ: ಅಪೀಲಿನಲ್ಲಿ ಏನು ನೋಡುತ್ತಾರೆ?

ಪ್ರಶ್ನೆ: ನಮ್ಮದು ಉತ್ತರ ಕರ್ನಾಟಕದ ಒಂದು ಹಳ್ಳಿ. 2021ರಲ್ಲಿ ಹೊಲದ ಬದುವಿನ ವಿಷಯಕ್ಕೆ ಜಗಳವಾಗಿ ಪಕ್ಕದ ಹೊಲದವರೊಬ್ಬರು ಸತ್ತರು. ಕುಡಗೋಲಿನಿಂದ ಹೊಡೆದವನು ನಮ್ಮ ದೊಡ್ಡಪ್ಪನ ಮಗ. ಇನ್ನೊಬ್ಬ ಬಡಿಗೆ ಹಿಡಿದಿದ್ದ. ನಮ್ಮಣ್ಣನ ಕೈಯಲ್ಲಿ ಏನೂ ಇರಲಿಲ್ಲ, ಆದರೆ ಸತ್ತವರ ಕೈ ಹಿಡಿದುಕೊಂಡಿದ್ದ ಅಂತ ಸಾಕ್ಷಿ ಹೇಳಿದ್ದಾರೆ. ದೊಡ್ಡಪ್ಪ ‘ಬಿಡಬ್ಯಾಡ್ರಿ, ಮುಗಿಸ್ರಿ’ ಅಂತ ಕೂಗಿದರು ಅನ್ನೋದು ಕೇಸು. ಅವರನ್ನು ಸೆಷನ್ಸ್ ಕೋರ್ಟು ಬಿಟ್ಟಿದೆ. ಉಳಿದ ಮೂವರಿಗೂ ಐಪಿಸಿ 302 (ಕೊಲೆ) ಜೊತೆ 34 (ಸಮಾನ ಉದ್ದೇಶ) ಹಾಕಿ ಕಳೆದ ತಿಂಗಳು ಜೀವಾವಧಿ ಕೊಟ್ಟಿದ್ದಾರೆ. ಸಾಕ್ಷಿ ಹೇಳಿದವರು ಸತ್ತವರ ಹೆಂಡತಿ ಮತ್ತು ತಮ್ಮ. ತಮ್ಮನಿಗೂ ಗಾಯವಾಗಿತ್ತು. ಅಂಗಡಿಯವರೊಬ್ಬರು ತಿರುಗಿಬಿದ್ದರು. ಹೊಡೆಯದವನಿಗೂ ಅದೇ ಶಿಕ್ಷೆ ಹೇಗೆ? ಮನೆಯವರ ಸಾಕ್ಷಿಯನ್ನೇ ನಂಬಬಹುದಾ? ಅಪೀಲಿನಲ್ಲಿ ಆಸೆ ಇದೆಯಾ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಕೊಲೆ ಕೇಸಿನ ಅಪೀಲುಗಳನ್ನೇ ಇಪ್ಪತ್ತು ವರ್ಷಕ್ಕಿಂತ ಜಾಸ್ತಿ ನಡೆಸಿದ್ದೇನೆ. ‘ಅವನು ಹೊಡೆದಿಲ್ಲ, ಅವನಿಗ್ಯಾಕೆ ಶಿಕ್ಷೆ?’ ಅಂತ ಕೇಳದ ಮನೆಯವರನ್ನು ನಾನು ಕಂಡಿಲ್ಲ. ಅದು ನ್ಯಾಯವಾದ ಪ್ರಶ್ನೆಯೇ. ಆದರೆ ಸುಮ್ನೆ ಧೈರ್ಯ ಹೇಳಿ ಕಳಿಸುವುದು ನನಗಾಗದು. ಕಾನೂನು ಇರುವ ಹಾಗೆ ಹೇಳುತ್ತೇನೆ. ಅದರಲ್ಲಿ ನಿಮ್ಮಣ್ಣನಿಗೆ ಜಾಗ ಎಲ್ಲಿದೆ ಅನ್ನುವುದನ್ನೂ ತೋರಿಸುತ್ತೇನೆ.

ನಿಮ್ಮ ಪತ್ರದಲ್ಲಿ ಎರಡು ಪ್ರಶ್ನೆಗಳು ಒಂದಕ್ಕೊಂದು ಹೆಣೆದುಕೊಂಡಿವೆ. ಅಣ್ಣ ಅಲ್ಲಿ ಏನು ಮಾಡಿದ ಎಂಬುದು ಒಂದು. ಅದು ಸಾಕ್ಷಿಯ ಪ್ರಶ್ನೆ. ಅಷ್ಟು ಮಾಡಿದ್ದಕ್ಕೆ ಕೊಲೆಯ ಹೊಣೆ ಅವನ ತಲೆಗೆ ಬರುತ್ತದಾ ಎಂಬುದು ಇನ್ನೊಂದು. ಅದು ಕಾನೂನಿನ ಪ್ರಶ್ನೆ. ಬಹಳಷ್ಟು ಅಪೀಲುಗಳು ಸೋಲುವುದು ಇವೆರಡನ್ನೂ ಕಲಸಿಬಿಡುವುದರಿಂದ. ‘ಅವನು ಅಲ್ಲಿರಲೇ ಇಲ್ಲ, ಇದ್ದರೂ ಹೊಡೆದಿಲ್ಲ’ ಅಂತ ಒಂದೇ ಉಸಿರಲ್ಲಿ ಹೇಳಿದರೆ ಕೇಳುವವರಿಗೆ ಎರಡರ ಮೇಲೂ ನಂಬಿಕೆ ಹೋಗುತ್ತದೆ, ಅಲ್ವಾ?

ಮೊದಲು ಸಾಕ್ಷಿಯ ವಿಷಯ. ಹೆಂಡತಿ, ತಮ್ಮ ಅಂದ ಮಾತ್ರಕ್ಕೆ ಅವರ ಮಾತನ್ನು ಕೋರ್ಟು ತಳ್ಳಿಹಾಕುವುದಿಲ್ಲ. 1953ರಲ್ಲಿ ದಲೀಪ್ ಸಿಂಗ್ ಕೇಸಿನಲ್ಲಿ ಸುಪ್ರೀಂ ಕೋರ್ಟು ಇದನ್ನು ಸ್ಪಷ್ಟವಾಗಿ ಹೇಳಿತು. ತನ್ನವರನ್ನು ಕೊಂದ ನಿಜವಾದ ಅಪರಾಧಿಯನ್ನು ಬಿಟ್ಟು, ಏನೂ ಮಾಡದವನ ಹೆಸರು ಹೇಳುವುದು ಹತ್ತಿರದ ಸಂಬಂಧಿಕರಿಗೆ ಸುಲಭವಲ್ಲ. ಯೋಚಿಸಿ ನೋಡಿದರೆ ಇದು ಸರಿಯೇ. ಆದರೆ ಅದೇ ತೀರ್ಪಿನಲ್ಲಿ ಇನ್ನೊಂದು ಮಾತಿದೆ. ಅದನ್ನು ಜನ ಮರೆಯುತ್ತಾರೆ. ಹಗೆ ಇದ್ದಾಗ, ರಕ್ತ ಕುದಿಯುತ್ತಿರುವಾಗ, ತಪ್ಪಿತಸ್ಥನ ಜೊತೆ ತಪ್ಪಿಲ್ಲದವನನ್ನೂ ಸೇರಿಸುವ ಸ್ವಭಾವ ಇರುತ್ತದೆ ಎಂದು ಕೋರ್ಟು ಒಪ್ಪಿಕೊಂಡಿದೆ. ನಿಮ್ಮಣ್ಣನ ಅಪೀಲು ನಿಲ್ಲಬೇಕಾದ್ದು ಈ ಎರಡನೆಯ ಮಾತಿನ ಮೇಲೆ. ಕುಡಗೋಲು ಬೀಸಿದವನ ಬಗ್ಗೆ ಆ ಹೆಣ್ಣುಮಗಳು ಸುಳ್ಳು ಹೇಳಿದ್ದಾರೆ ಅಂತ ವಾದಿಸಲು ಹೋಗಬೇಡಿ. ಅದು ನಿಮ್ಮ ಜಗಳವೇ ಅಲ್ಲ.

‘ಇಬ್ಬರೇ ಸಾಕ್ಷಿ’ ಅನ್ನುವ ವಾದವೂ ನಡೆಯದು. ಇಷ್ಟೇ ಜನ ಬೇಕು ಅಂತ ಸಾಕ್ಷ್ಯ ಕಾಯ್ದೆ ಎಲ್ಲೂ ಹೇಳುವುದಿಲ್ಲ. 2024ರ ಜೂನ್ ತನಕ ಜಾರಿಯಲ್ಲಿದ್ದ ಹಳೆಯ ಕಾಯ್ದೆಯ 134ನೇ ಕಲಂ ಅದನ್ನೇ ಬಿಡಿಸಿ ಹೇಳಿತ್ತು. 1957ರ ವಡಿವೇಲು ತೇವರ್ ತೀರ್ಪು ಸಾಕ್ಷಿಗಳನ್ನು ಮೂರು ಬಗೆ ಮಾಡಿತು: ಪೂರ್ತಿ ನಂಬಬಹುದಾದವರು, ಏನೂ ನಂಬಲಾಗದವರು, ಮತ್ತು ಎರಡೂ ಅಲ್ಲದೆ ನಡುವೆ ನಿಲ್ಲುವವರು. ಮೊದಲ ಬಗೆಯವರು ಒಬ್ಬರಿದ್ದರೂ ಸಾಕು. ಮೂರನೆಯ ಬಗೆಯವರ ಮಾತಿಗೆ ಬೇರೆ ಆಧಾರ ಹುಡುಕಬೇಕು. ನನ್ನ ಅನುಭವದಲ್ಲಿ ಹಳ್ಳಿಯ ಕೊಲೆ ಕೇಸುಗಳ ಸಾಕ್ಷಿಗಳಲ್ಲಿ ಬಹುಪಾಲು ಈ ಮೂರನೆಯ ಬಗೆಯವರೇ. ಕಂಡದ್ದು ನಿಜ, ಅದಕ್ಕೆ ಆಮೇಲೆ ಸೇರಿಸಿದ್ದೂ ನಿಜ.

ಗಾಯಗೊಂಡ ತಮ್ಮನ ಸಾಕ್ಷಿಗೆ ತೂಕ ಜಾಸ್ತಿ. ಗಾಯವೇ ಅವನ ಹಾಜರಿ. ಅವನು ಅಲ್ಲಿರಲಿಲ್ಲ ಅನ್ನಲು ಬರುವುದಿಲ್ಲ. ಆದರೆ ಬಡಿಗೆ ಏಟು ತಿಂದು ಬಿದ್ದವನು, ಅದೇ ಗಳಿಗೆಯಲ್ಲಿ ಸತ್ತವರ ಯಾವ ಕೈಯನ್ನು ಯಾರು ಹಿಡಿದರು ಅಂತ ನೋಡಿರಲು ಸಾಧ್ಯವೇ? ಅವನು ಬಿದ್ದದ್ದು ಮೊದಲೋ, ಕುಡಗೋಲು ಬಿದ್ದದ್ದು ಮೊದಲೋ? ಇದನ್ನು ಅವನ ಹೇಳಿಕೆಯಲ್ಲೇ ಹುಡುಕಬೇಕು.

ಹೇಗೆ ಹುಡುಕುವುದು ಅಂತ ಹೇಳುತ್ತೇನೆ. ಮೂರು ಕಾಗದ ಮೇಜಿನ ಮೇಲೆ ಪಕ್ಕಪಕ್ಕ ಇಟ್ಟುಕೊಳ್ಳಿ. ಮೊದಲ ದೂರು, ಅಂದರೆ ಎಫ್‌ಐಆರ್‌ಗೆ ಆಧಾರವಾದದ್ದು. ಪೊಲೀಸರು ಬರೆದುಕೊಂಡ 161ರ ಹೇಳಿಕೆ. ಆಮೇಲೆ ಕಟಕಟೆಯಲ್ಲಿ ನಿಂತು ಹೇಳಿದ ಸಾಕ್ಷಿ. ಮೂರರಲ್ಲೂ ಅಣ್ಣನ ಹೆಸರು ಬರುವ ಸಾಲಿಗೆ ಮಾತ್ರ ಪೆನ್ಸಿಲ್ಲಿನಲ್ಲಿ ಗೀಟು ಹಾಕಿ. ದೂರಿನಲ್ಲಿ ‘ಇವರೆಲ್ಲ ಸೇರಿ ಹೊಡೆದರು’ ಅಂತಷ್ಟೇ ಇದ್ದು, ‘ಎರಡೂ ಕೈ ಹಿಂದಿನಿಂದ ಹಿಡಿದುಕೊಂಡ’ ಅನ್ನುವುದು ಕಟಕಟೆಯಲ್ಲಿ ಮೊದಲ ಸಲ ಬಂದಿದ್ದರೆ, ಅದು ಸಣ್ಣ ವಿಷಯವಲ್ಲ. ಅಷ್ಟು ಮುಖ್ಯವಾದದ್ದನ್ನು ಮೊದಲೇ ಯಾಕೆ ಹೇಳಲಿಲ್ಲ? ಮುಖ್ಯ ವಿಷಯವನ್ನು ಬಿಟ್ಟಿರುವುದೂ ವಿರುದ್ಧ ಹೇಳಿಕೆಗೆ ಸಮ ಆಗಬಹುದು. ಇದು ಕಾನೂನಿನಲ್ಲೇ ಇದೆ. 1959ರ ತಹಸೀಲ್ದಾರ್ ಸಿಂಗ್ ತೀರ್ಪು ಇದನ್ನು ವಿವರವಾಗಿ ಚರ್ಚಿಸಿದೆ. ಒಂದು ಎಚ್ಚರಿಕೆ. ಪಾಟೀ ಸವಾಲಿನಲ್ಲಿ ವಕೀಲರು ಆ ಬಿಟ್ಟುಹೋದ ಮಾತನ್ನು ಸಾಕ್ಷಿಯ ಮುಂದಿಟ್ಟು ಕೇಳಿರಬೇಕು. ಆಮೇಲೆ ತನಿಖಾಧಿಕಾರಿಯಿಂದ ‘ಹೌದು, ನನ್ನ ಮುಂದೆ ಹಾಗೆ ಹೇಳಿಲ್ಲ’ ಅಂತ ಹೇಳಿಸಿರಬೇಕು. ಇಲ್ಲದಿದ್ದರೆ ಹೈಕೋರ್ಟಿನಲ್ಲಿ ಅದನ್ನು ಎತ್ತಲು ಕಷ್ಟ. ಎಷ್ಟೋ ಒಳ್ಳೆಯ ಅಂಶಗಳು ಹೀಗೆ ಕೈತಪ್ಪಿ ಹೋದದ್ದನ್ನು ನೋಡಿ ಹೊಟ್ಟೆ ಉರಿದಿದೆ.

ಸಣ್ಣಪುಟ್ಟ ವ್ಯತ್ಯಾಸಕ್ಕೆ ಜೋತುಬೀಳಬೇಡಿ. ಒಬ್ಬರು ಸಂಜೆ ಐದೂವರೆ ಅಂದರು, ಇನ್ನೊಬ್ಬರು ಆರು ಅಂದರು, ಸೀರೆ ಬಣ್ಣ ಬೇರೆ ಹೇಳಿದರು. ಇವು ಲೆಕ್ಕಕ್ಕೆ ಬರುವುದಿಲ್ಲ. ಮನುಷ್ಯರ ನೆನಪು ವಿಡಿಯೋ ಟೇಪಿನಂತೆ ತಿರುಗುವುದಿಲ್ಲ ಅಂತ 1983ರ ಭರ್ವಾಡಾ ತೀರ್ಪಿನಲ್ಲಿ ಸುಪ್ರೀಂ ಕೋರ್ಟೇ ಹೇಳಿದೆ. ಮೂರು ವರ್ಷದ ಮೇಲೆ ಕಟಕಟೆಗೆ ಬಂದವರ ಮಾತು ಅಕ್ಷರಕ್ಕೆ ಅಕ್ಷರ ಹೊಂದಿದರೇ ನನಗೆ ಅನುಮಾನ ಬರುತ್ತದೆ.

ಸಾಕ್ಷಿಯ ಮಾತನ್ನು ಬೇರೆ ಕಾಗದಗಳ ಜೊತೆ ಇಟ್ಟು ನೋಡುವುದು ಹೆಚ್ಚು ಫಲ ಕೊಡುತ್ತದೆ. ನನ್ನದೇ ಒಂದು ಹಳೆಯ ಕೇಸು. ಅಡುಗೆಮನೆ ಬಾಗಿಲಲ್ಲಿ ನಿಂತು ಎಲ್ಲ ನೋಡಿದೆ ಅಂತ ಸಾಕ್ಷಿ ಹೇಳಿದ್ದರು. ಸೆಷನ್ಸ್ ಕೋರ್ಟಿನಲ್ಲಿ ಯಾರೂ ಅದನ್ನು ಪ್ರಶ್ನಿಸಿರಲಿಲ್ಲ. ಪೇಪರ್ ಬುಕ್ಕಿನ, ಅಂದರೆ ಅಪೀಲಿಗೆ ಕಟ್ಟಿದ ದಾಖಲೆಗಳ ಪುಸ್ತಕದ, ಕೊನೆಯಲ್ಲಿ ಪಿಡಬ್ಲ್ಯೂಡಿ ಎಂಜಿನಿಯರ್ ಬರೆದ ಸ್ಥಳದ ನಕ್ಷೆ ಇತ್ತು. ಬಾಗಿಲಿಗೂ ಶವ ಬಿದ್ದ ಜಾಗಕ್ಕೂ ನಡುವೆ ಒಂದು ಚೌಕ ಬರೆದು ‘ಹುಲ್ಲಿನ ಬಣವೆ’ ಅಂತ ಗುರುತು ಮಾಡಿದ್ದರು. ಪ್ರಾಸಿಕ್ಯೂಷನ್ನಿನವರೇ ಹಾಜರುಪಡಿಸಿದ ದಾಖಲೆ ಅದು. ಆ ಚೌಕ ಹೇಳಿದಷ್ಟನ್ನು ನಮ್ಮ ಹತ್ತು ಪುಟದ ವಾದವೂ ಹೇಳಿರಲಿಲ್ಲ. ಹಾಗಾಗಿ ನಕ್ಷೆ, ಸ್ಥಳದ ಮಹಜರು, ಸಂಜೆ ಮಬ್ಬಾಗಿದ್ದರೆ ಬೆಳಕಿನ ಪುರಾವೆ, ಎಲ್ಲವನ್ನೂ ನೋಡಬೇಕು.

ನಿಮ್ಮ ಕೇಸಿನಲ್ಲಿ ನಾನು ಮೊದಲು ತೆರೆಯುವ ಕಾಗದ ಮರಣೋತ್ತರ ಪರೀಕ್ಷೆಯ ವರದಿ. ಕೈ ಹಿಡಿದುಕೊಂಡಿದ್ದ ಅನ್ನುವ ಆರೋಪಕ್ಕೆ ಉತ್ತರ ಒಂದೊಂದು ಸಲ ಅಲ್ಲೇ ಇರುತ್ತದೆ. ಕುಡಗೋಲು ಬೀಸಿದಾಗ ಮನುಷ್ಯ ತಾನಾಗಿಯೇ ಕೈ ಅಡ್ಡ ತರುತ್ತಾನೆ. ಆಗ ಮುಂಗೈ ಮೇಲೆ, ಅಂಗೈಯಲ್ಲಿ, ಬೆರಳ ಸಂದಿಯಲ್ಲಿ ಕೊಯ್ದ ಗಾಯಗಳಾಗುತ್ತವೆ. ಸತ್ತವರ ಎರಡೂ ಕೈಯಲ್ಲಿ ಅಂಥ ಗಾಯಗಳಿದ್ದರೆ, ಆ ಕೈಗಳನ್ನು ಯಾರೂ ಹಿಡಿದಿರಲಿಲ್ಲ ಅಂತಲ್ಲವೇ? ಹಾಗಾದರೆ ಹಿಂದಿನಿಂದ ಹಿಡಿದುಕೊಂಡವರು ಯಾರು? ಗಾಯಗಳೆಲ್ಲ ತಲೆ, ಕುತ್ತಿಗೆಯ ಮೇಲಷ್ಟೇ ಇದ್ದು ಕೈಗಳಲ್ಲಿ ಗಾಯವೇ ಇಲ್ಲದಿದ್ದರೆ, ಅದು ನಿಮ್ಮಣ್ಣನ ವಿರುದ್ಧ ಹೋಗುತ್ತದೆ. ಎರಡಕ್ಕೂ ಸಿದ್ಧರಾಗಿ ಓದಿ.

ತಿರುಗಿಬಿದ್ದ ಅಂಗಡಿಯವರ ಬಗ್ಗೆ ಹೇಳುವುದಾದರೆ, ಪ್ರತಿಕೂಲ ಸಾಕ್ಷಿ ಅಂದ ಮಾತ್ರಕ್ಕೆ ಅವರ ಮಾತು ಸೊನ್ನೆಯಾಗುವುದಿಲ್ಲ. ನಂಬಬಹುದಾದ ಭಾಗವನ್ನು ಎರಡೂ ಕಡೆಯವರು ಬಳಸಿಕೊಳ್ಳಬಹುದು. ‘ಜಗಳ ಆಯ್ತು, ಕೂಗಾಟ ಕೇಳಿ ಹೋದೆ, ಯಾರು ಹೊಡೆದರೋ ನೋಡಲಿಲ್ಲ’ ಅಂತ ಅವರು ಹೇಳಿದ್ದರೆ, ಜಾಗ ಮತ್ತು ಹೊತ್ತು ಪ್ರಾಸಿಕ್ಯೂಷನ್ನಿಗೆ ಸಿಕ್ಕಿತು. ಅದೇ ಹೊತ್ತಿಗೆ, ಮೊದಲು ಬಾಯಿ ಜಗಳ ನಡೆದಿತ್ತು ಅನ್ನುವುದು ನಿಮಗೆ ಸಿಕ್ಕಿತು. ಇದರ ಬೆಲೆ ಮುಂದೆ ಗೊತ್ತಾಗುತ್ತದೆ.

ದೊಡ್ಡಪ್ಪ ಬಿಡುಗಡೆಯಾದ್ದರಿಂದ ‘ಒಂದು ಕಡೆ ಸುಳ್ಳು ಅಂದಮೇಲೆ ಎಲ್ಲಾನೂ ಸುಳ್ಳೇ’ ಅಂತ ನಿಮಗನ್ನಿಸಬಹುದು. ನಮ್ಮ ಕೋರ್ಟುಗಳು ಆ ಸೂತ್ರವನ್ನು ಒಪ್ಪಿಲ್ಲ. 1957ರ ನಿಸಾರ್ ಅಲಿ ತೀರ್ಪಿನಿಂದ ಇದು ಗಟ್ಟಿಯಾಗಿದೆ. ರಾಶಿ ತೂರಿ ಕಾಳು ಬೇರೆ, ಜೊಳ್ಳು ಬೇರೆ ಮಾಡುವುದು ನ್ಯಾಯಾಧೀಶರ ಕೆಲಸ. ಮೇಲಾಗಿ, ಕೂಗಿ ಹುರಿದುಂಬಿಸಿದ ಅನ್ನುವ ಆರೋಪವನ್ನು ಕೋರ್ಟುಗಳು ಮೊದಲಿನಿಂದಲೂ ದುರ್ಬಲ ಸಾಕ್ಷ್ಯ ಅಂತಲೇ ನೋಡುತ್ತಾ ಬಂದಿವೆ. ದೊಡ್ಡಪ್ಪ ಹೊರಬಂದದ್ದು ಆ ಕಾರಣಕ್ಕೂ ಇರಬಹುದು, ತೀರ್ಪು ಓದಿ ನೋಡಿ. ಆದರೆ ಆ ಬಿಡುಗಡೆಯಿಂದ ಒಂದು ಉಪಯೋಗ ಇದೆ. ಅವರ ವಿಷಯದಲ್ಲಿ ಇದೇ ಇಬ್ಬರು ಮಾತು ಸೇರಿಸಿದ್ದಾರೆ ಅಂತ ಸೆಷನ್ಸ್ ನ್ಯಾಯಾಧೀಶರೇ ಬರೆದಿದ್ದರೆ, ಇಬ್ಬರೂ ಆ ಮೂರನೆಯ ಬಗೆಗೆ ಸೇರಿಹೋದರು. ಹಾಗಿದ್ದರೆ ಅಣ್ಣನ ವಿರುದ್ಧ ಅವರ ಮಾತಿಗೆ ಬೇರೆ ಆಧಾರ ಎಲ್ಲಿದೆ ಅಂತ ಕೇಳುವ ಹಕ್ಕು ನಿಮಗೆ ಬರುತ್ತದೆ.

ಈಗ ಎರಡನೆಯ ಪ್ರಶ್ನೆ. ಕೈ ಹಿಡಿದದ್ದು ನಿಜವೇ ಅಂತ ಕೋರ್ಟು ನಂಬಿತು ಅನ್ನಿ. ಆಗ ಏನು?

34ನೇ ಕಲಂ ಹೇಳುವುದು ಇಷ್ಟು. ಎಲ್ಲರ ಸಮಾನ ಉದ್ದೇಶ ನೆರವೇರಿಸಲು ಹಲವರು ಸೇರಿ ಒಂದು ಅಪರಾಧ ಮಾಡಿದರೆ, ಅದನ್ನು ಪ್ರತಿಯೊಬ್ಬನೂ ಒಬ್ಬನೇ ಮಾಡಿದ ಹಾಗೆ. ಹೊಸ ಭಾರತೀಯ ನ್ಯಾಯ ಸಂಹಿತೆಯಲ್ಲಿ ಇದೇ 3(5) ಆಗಿದೆ. ಆದರೆ ಅದು ಜಾರಿಗೆ ಬಂದದ್ದು 2024ರ ಜುಲೈ 1ರಂದು. ನಿಮ್ಮದು 2021ರ ಘಟನೆ, ಹಾಗಾಗಿ ಐಪಿಸಿಯೇ ಅನ್ವಯ. ಇಲ್ಲಿ ‘ಹೊಡೆದನಾ’ ಅನ್ನುವುದಕ್ಕಿಂತ ‘ಮನಸ್ಸು ಕೂಡಿತ್ತಾ’ ಅನ್ನುವುದು ದೊಡ್ಡದು.

ಈ ಮಾತಿನ ಎರಡು ತುದಿಗಳನ್ನು ತೋರಿಸುವ ಎರಡು ಹಳೆಯ ಕೇಸುಗಳಿವೆ. ಎರಡೂ ಬ್ರಿಟಿಷರ ಕಾಲದಲ್ಲಿ ಕೊನೆಯ ಅಪೀಲು ಕೇಳುತ್ತಿದ್ದ ಲಂಡನ್ನಿನ ಪ್ರಿವಿ ಕೌನ್ಸಿಲ್ ತನಕ ಹೋದವು. 1923ರಲ್ಲಿ ಕಲ್ಕತ್ತಾದ ಶಂಕರಿತೋಲಾ ಅಂಚೆ ಕಚೇರಿಗೆ ಕೆಲವರು ಪಿಸ್ತೂಲು ಹಿಡಿದು ನುಗ್ಗಿದರು. ಪೋಸ್ಟ್‌ಮಾಸ್ಟರ್ ಹಣ ಎಣಿಸುತ್ತಿದ್ದರು. ಗುಂಡು ಹಾರಿತು, ಅವರು ಸತ್ತರು. ಬರೇಂದ್ರ ಕುಮಾರ್ ಘೋಷ್ ಅನ್ನುವವನು ‘ನಾನು ಹೊರಗೆ ಅಂಗಳದಲ್ಲಿ ನಿಂತಿದ್ದೆ, ಹೆದರಿದ್ದೆ’ ಅಂದ. 1924ರಲ್ಲಿ ತೀರ್ಪು ಬಂತು: ಹೊರಗೆ ನಿಂತು ಕಾಯುವುದೂ ಆ ಕೆಲಸದ ಭಾಗವೇ. ಅವನಿಗೂ ಕೊಲೆಯ ಹೊಣೆ.

ಇನ್ನೊಂದು ಸಿಂಧೂ ನದಿ ದಂಡೆಯದು. 1943ರಲ್ಲಿ ಕೆಲವರು ದೋಣಿಯಲ್ಲಿ ಹೋಗಿ ಜೊಂಡು ಕೊಯ್ದು ತಂದರು. ಜಮೀನಿನವರ ಕಡೆಯವನೊಬ್ಬ ತಡೆದ. ಕೈಕೈ ಮಿಲಾಯಿಸಿತು. ಅವನ ಕೂಗು ಕೇಳಿ ಇಬ್ಬರು ಬಂದೂಕು ಹಿಡಿದು ಓಡಿಬಂದರು. ಒಬ್ಬನ ಗುಂಡಿಗೆ ಒಬ್ಬರು ಸತ್ತರು. ಇನ್ನೊಬ್ಬ, ಮಹಬೂಬ್ ಷಾ, ಹಾರಿಸಿದ ಗುಂಡಿನಿಂದ ಬೇರೊಬ್ಬರಿಗೆ ಗಾಯವಾಯಿತು. ಮಹಬೂಬ್‌ಗೆ ಮರಣದಂಡನೆ ಆಗಿತ್ತು. 1945ರಲ್ಲಿ ಪ್ರಿವಿ ಕೌನ್ಸಿಲ್ ಆ ಕೊಲೆ ಶಿಕ್ಷೆಯನ್ನು ತೆಗೆದುಹಾಕಿತು. ಇಬ್ಬರ ಮನಸ್ಸಿನಲ್ಲೂ ಒಂದೇ ಥರದ ವಿಚಾರ ಇದ್ದಿರಬಹುದು. ಆದರೆ ಕೊಲ್ಲಬೇಕು ಅಂತ ಇಬ್ಬರೂ ಕೂಡಿ ನಿಶ್ಚಯಿಸಿದ್ದಕ್ಕೆ ಪುರಾವೆ ಇಲ್ಲ. ತಮ್ಮವನನ್ನು ಬಿಡಿಸುವುದಕ್ಕಷ್ಟೇ ಬಂದಿದ್ದರು. ಗಮನಿಸಿ, ಮಹಬೂಬ್ ಕೈಯಲ್ಲಿ ಬಂದೂಕು ಇತ್ತು, ಅವನು ಗುಂಡೂ ಹಾರಿಸಿದ್ದ. ಆದರೂ ಅವನ ಮೇಲಿನ ಕೊಲೆ ಹೊಣೆ ನಿಲ್ಲಲಿಲ್ಲ. ಅತ್ತ ಪಿಸ್ತೂಲು ಹಾರಿಸಲಿಲ್ಲ ಅಂದ ಬರೇಂದ್ರನ ಮೇಲೆ ನಿಂತಿತು.

1954ರಲ್ಲಿ ಪಾಂಡುರಂಗ ಎಂಬ ಕೇಸಿನಲ್ಲಿ ಸುಪ್ರೀಂ ಕೋರ್ಟು ಇದನ್ನೇ ಮುಂದುವರಿಸಿತು. ಬೀದರ್, ಕಲಬುರಗಿ, ರಾಯಚೂರು ಸೇರಿದ್ದ ಆಗಿನ ಹೈದರಾಬಾದ್ ರಾಜ್ಯದ ಕೇಸು ಅದು. ಐದು ಜನ ಒಬ್ಬನ ಮೇಲೆ ಬಿದ್ದಿದ್ದರು. ಒಂದೇ ಥರದ ಉದ್ದೇಶಕ್ಕೂ ಸಮಾನ ಉದ್ದೇಶಕ್ಕೂ ನಡುವಿನ ಗೋಡೆ ತೆಳ್ಳಗಿರಬಹುದು, ಆದರೆ ಗೋಡೆ ಇದೆ ಅಂತ ಕೋರ್ಟು ಹೇಳಿತು. ಒಬ್ಬೊಬ್ಬನಿಗೂ ಅವನವನು ಮಾಡಿದ್ದಕ್ಕಷ್ಟೇ ಹೊಣೆ ಹೊರಿಸಿತು.

ಇದನ್ನು ನಿಮ್ಮ ಹೊಲಕ್ಕೆ ತಂದು ನೋಡೋಣ. ಅಣ್ಣ ಉಳಿದವರ ಜೊತೆ ಮನೆಯಿಂದ ಹೊರಟು ಬಂದನೋ, ಮೊದಲೇ ಹೊಲದಲ್ಲಿದ್ದನೋ? ಕುಡಗೋಲು ರೈತನ ಕೈಯಲ್ಲಿ ದಿನವೂ ಇರುವ ವಸ್ತು. ಅದನ್ನು ಕಂಡ ಮಾತ್ರಕ್ಕೆ ‘ಕೊಲ್ಲಲು ತಂದಿದ್ದಾನೆ’ ಅಂತ ಅಣ್ಣನಿಗೆ ತಿಳಿದಿತ್ತು ಅನ್ನಲಾಗದು. ಕೈ ಹಿಡಿದದ್ದು ಮೊದಲ ಏಟಿಗಿಂತ ಮುಂಚೆಯೋ, ಆಮೇಲೋ? ಜಗಳ ಬಿಡಿಸುವವರೂ ಕೈ ಹಿಡಿಯುತ್ತಾರೆ. ಎಷ್ಟು ಏಟು ಬಿದ್ದವು? ಎಲ್ಲಕ್ಕಿಂತ ಇದು ಮುಖ್ಯ. ಹಿಡಿದುಕೊಂಡಿದ್ದಾಗ ತಟ್ಟನೆ ಒಂದು ಏಟು ಬಿದ್ದಿದ್ದರೆ ‘ಅವನು ಹೊಡೀತಾನೆ ಅಂತ ನನಗೆ ಗೊತ್ತಿರಲಿಲ್ಲ’ ಅನ್ನಬಹುದು. ಆರು ಏಟು ಬೀಳುವ ತನಕ ಬಿಡದೆ ಹಿಡಿದಿದ್ದರೆ ಹಾಗನ್ನಲು ಬಾಯಿ ಬರುವುದಿಲ್ಲ. ಸಮಾನ ಉದ್ದೇಶ ಮೊದಲೇ ಕೂತು ಮಾತಾಡಿ ಆಗಬೇಕಿಲ್ಲ, ಸ್ಥಳದಲ್ಲೇ ಹುಟ್ಟಬಹುದು ಅಂತ ಕೋರ್ಟುಗಳು ಎಷ್ಟೋ ಸಲ ಹೇಳಿವೆ. ಇದನ್ನು ನಿಮ್ಮಿಂದ ಮುಚ್ಚಿಡುವುದಿಲ್ಲ.

ಕೆಲವರು 34 ಮತ್ತು 149ನ್ನು ಒಂದೇ ಅಂದುಕೊಳ್ಳುತ್ತಾರೆ. 149ಕ್ಕೆ ಕನಿಷ್ಠ ಐದು ಜನರ ಅಕ್ರಮ ಕೂಟ ಬೇಕು. ನಿಮ್ಮ ಕೇಸಿನಲ್ಲಿ ಇದ್ದವರೇ ನಾಲ್ವರು, ಹಾಗಾಗಿ ಅದು ನಿಮಗೆ ಬೇಡ. ಆದರೂ 2012ರ ರಾಯ್ ಫರ್ನಾಂಡಿಸ್ ತೀರ್ಪನ್ನು ನಿಮ್ಮ ವಕೀಲರಿಗೆ ನೆನಪಿಸಿ. ಗೋವಾದಲ್ಲಿ ಬೇಲಿ ಹಾಕುವ ಕೆಲಸ ತಡೆಯಲು ಒಂದು ಗುಂಪು ಹೋಗಿತ್ತು. ಅವರಲ್ಲೊಬ್ಬ ಚಾಕು ತೆಗೆದು ಇರಿದ, ಒಬ್ಬರು ಸತ್ತರು. ಹೀಗಾಗಬಹುದು ಅಂತ ಜೊತೆಗಿದ್ದವನಿಗೆ ಗೊತ್ತಿತ್ತು ಅನ್ನಲಾಗದು ಎಂದು ಸುಪ್ರೀಂ ಕೋರ್ಟು ಅವನ ಮೇಲಿನ ಕೊಲೆ ಹೊಣೆಯನ್ನು ತೆಗೆಯಿತು. ಕಲಂ ಬೇರೆ, ಆದರೆ ಬೇಲಿ ಜಗಳಕ್ಕೂ ಬದು ಜಗಳಕ್ಕೂ ದೂರ ಎಷ್ಟು?

ಈಗ ಶಿಕ್ಷೆ. ‘ವಯಸ್ಸು ಚಿಕ್ಕದು, ಮಕ್ಕಳಿದ್ದಾರೆ, ವರ್ಷ ಕಡಿಮೆ ಮಾಡಿ’ ಅಂತ 302ರಲ್ಲಿ ಕೇಳಲು ಬರುವುದಿಲ್ಲ. ಅದರ ಕನಿಷ್ಠ ಶಿಕ್ಷೆಯೇ ಜೀವಾವಧಿ. ಕಡಿಮೆಯಾಗಬೇಕಾದರೆ ಕಲಂ ಬದಲಾಗಬೇಕು. ಅದಕ್ಕೆ ಎರಡು ದಾರಿ. ಅಣ್ಣನ ಮೇಲಿನ 34 ಬಿದ್ದುಹೋದರೆ, ಅವನು ತಾನು ಮಾಡಿದ್ದಕ್ಕಷ್ಟೇ ಹೊಣೆ. ಅದು ಸಣ್ಣ ಅಪರಾಧ ಆಗಬಹುದು, ಪೂರ್ತಿ ಬಿಡುಗಡೆಯೂ ಆಗಬಹುದು. ಇಲ್ಲವೇ ಇಡೀ ಘಟನೆಯೇ 304ಕ್ಕೆ, ಅಂದರೆ ಕೊಲೆ ಅಲ್ಲದ ನರಹತ್ಯೆಗೆ, ಇಳಿಯಬೇಕು. ಮೊದಲೇ ಯೋಜಿಸದೆ, ದಿಢೀರ್ ಜಗಳದಲ್ಲಿ, ಸಿಟ್ಟಿನ ಭರದಲ್ಲಿ, ಕ್ರೂರವಾಗಿ ನಡೆದುಕೊಳ್ಳದೆ ಆದ ಸಾವನ್ನು 300ನೇ ಕಲಂನ ನಾಲ್ಕನೆಯ ಅಪವಾದ ಕೊಲೆಯಿಂದ ಹೊರಗಿಡುತ್ತದೆ. ಅಂಗಡಿಯವರ ‘ಮೊದಲು ಬಾಯಿ ಜಗಳ’ ಅನ್ನುವ ಮಾತು ಕೆಲಸಕ್ಕೆ ಬರುವುದು ಇಲ್ಲಿ. 304ರ ಎರಡನೇ ಭಾಗಕ್ಕೆ ಬಂದರೆ ಹೆಚ್ಚೆಂದರೆ ಹತ್ತು ವರ್ಷ, ಜೈಲಿನಲ್ಲಿ ಕಳೆದ ದಿನಗಳೂ ಅದರಲ್ಲಿ ಕಳೆಯುತ್ತವೆ.

ಅಪೀಲಿಗೆ ತೀರ್ಪಿನ ದಿನದಿಂದ 60 ದಿನ. ಈಗಾಗಲೇ ಒಂದು ತಿಂಗಳು ಹೋಗಿದೆ, ತಡ ಮಾಡಬೇಡಿ. ಧಾರವಾಡ ಪೀಠದ ವ್ಯಾಪ್ತಿಯಾದರೆ ಅಲ್ಲೇ ಹಾಕಬೇಕು, ಇಬ್ಬರು ನ್ಯಾಯಮೂರ್ತಿಗಳು ಕೇಳುತ್ತಾರೆ. ಶಿಕ್ಷೆಯ ವಿರುದ್ಧದ ಮೊದಲ ಅಪೀಲಿನಲ್ಲಿ ಇಡೀ ಸಾಕ್ಷ್ಯವನ್ನು ಹೊಸದಾಗಿ ತೂಗಬೇಕಾದ್ದು ಹೈಕೋರ್ಟಿನ ಕರ್ತವ್ಯ. ದುಡ್ಡಿಲ್ಲದಿದ್ದರೆ ಜೈಲಿನಿಂದಲೇ ಅಪೀಲು ಕಳಿಸಬಹುದು. ಬಂಧನದಲ್ಲಿರುವವರಿಗೆ ಉಚಿತ ಕಾನೂನು ನೆರವು ಪಡೆಯುವ ಹಕ್ಕು 1987ರ ಕಾಯ್ದೆಯಲ್ಲೇ ಇದೆ. ಅಪೀಲಿನ ಜೊತೆಗೇ ಶಿಕ್ಷೆ ಅಮಾನತಿಗೆ ಅರ್ಜಿ ಹಾಕಿ. ಕೊಲೆ ಕೇಸಿನಲ್ಲಿ ಅದು ಸುಲಭವಾಗಿ ಸಿಗುವುದಿಲ್ಲ. ಆದರೆ ಆಯುಧ ಇಲ್ಲದವನ ಅರ್ಜಿಯನ್ನು ಹೊಡೆದವನ ಅರ್ಜಿಯ ಜೊತೆ ಸೇರಿಸದೆ ಬೇರೆಯಾಗಿ ಹಾಕುವುದು ಒಳ್ಳೆಯದು. ಸಾಧ್ಯವಾದರೆ ವಕೀಲರೂ ಬೇರೆಯೇ ಇರಲಿ. ದೊಡ್ಡಪ್ಪನ ಮಗನನ್ನು ಉಳಿಸುವ ವಾದ ಮತ್ತು ಅಣ್ಣನನ್ನು ಉಳಿಸುವ ವಾದ ಒಂದು ಹಂತದಲ್ಲಿ ಬೇರೆಬೇರೆ ದಾರಿ ಹಿಡಿಯುತ್ತವೆ. ಮನೆತನದ ಒಗ್ಗಟ್ಟಿಗಾಗಿ ಒಬ್ಬರೇ ವಕೀಲರನ್ನು ಇಟ್ಟುಕೊಂಡು, ಕೊನೆಗೆ ಎಲ್ಲರೂ ಒಳಗೇ ಉಳಿದ ಮನೆಗಳನ್ನು ಕಂಡಿದ್ದೇನೆ.

ದೊಡ್ಡಪ್ಪನ ಬಿಡುಗಡೆಯ ಮೇಲೆ ಸರ್ಕಾರವೂ ಅಪೀಲು ಹಾಕಬಹುದು, ಸತ್ತವರ ಮನೆಯವರೂ ಹಾಕಬಹುದು. ಅವರ ಮನೆಯಲ್ಲೂ ಒಂದು ಜೀವ ಹೋಗಿದೆ, ಆ ಹಕ್ಕು ಅವರಿಗೆ ಇರಬೇಕಾದ್ದೇ. ಆದರೆ ಬಿಡುಗಡೆಯ ತೀರ್ಪನ್ನು ಸುಲಭವಾಗಿ ಕದಲಿಸಬಾರದು ಅಂತ 2007ರಲ್ಲಿ ನಮ್ಮ ರಾಜ್ಯದ್ದೇ ಆದ ಚಂದ್ರಪ್ಪ ಕೇಸಿನಲ್ಲಿ ಸುಪ್ರೀಂ ಕೋರ್ಟು ನಿಯಮಗಳನ್ನು ಬರೆದಿಟ್ಟಿದೆ.

ಮುಂದಿನ ಭೇಟಿಗೆ ಜೈಲಿಗೆ ಹೋದಾಗ ಅಣ್ಣನ ಹತ್ತಿರ ‘ನೀನು ಹೊಡೆದ್ಯಾ’ ಅಂತ ಕೇಳಬೇಡಿ. ಒಂದು ಹಾಳೆಯಲ್ಲಿ ಬದು, ಬೇವಿನ ಮರ, ಬಾವಿ, ಅಲ್ಲಿ ಏನೇನಿದೆಯೋ ಅದನ್ನು ಬರೆದುಕೊಂಡು ಹೋಗಿ. ಮೊದಲ ಏಟು ಬಿದ್ದಾಗ ಅವನು ನಿಂತಿದ್ದ ಜಾಗಕ್ಕೆ ಬೆರಳಿಟ್ಟು ತೋರಿಸು ಅನ್ನಿ. ಅವನು ತೋರಿಸಿದ ಜಾಗವನ್ನು ಕೋರ್ಟಿನ ದಾಖಲೆಯಲ್ಲಿರುವ ನಕ್ಷೆಯ ಮೇಲಿಟ್ಟು ನೋಡಿ. ಆಮೇಲೆ ಎರಡೂ ಹಾಳೆ ಹಿಡಿದು ವಕೀಲರ ಹತ್ತಿರ ಹೋಗಿ.